ಬೆಳಕಿಂಡಿಯ ಕೆಳಗೆ ಇಟಲಿಯ ಸಾಹೇಬ

ಬೇಸಿಗೆಯಲ್ಲಿ ಬನಹಟ್ಟಿಯ ನೇಕಾರರು ಮಗ್ಗದ ಕೋಣೆಯ ಬಾಗಿಲು ತೆರೆಯುವುದಿಲ್ಲ. ಒಣಗಾಳಿ ತಾಕಿದರೆ ನೂಲಿನ ಎಳೆ ಹರಿಯುತ್ತದೆ. ಇಟಲಿಯ ಸಾಹೇಬನಿಗೆ ಇದು ಗೊತ್ತಿರಲಿಲ್ಲ. ತನ್ನ ದೇಶದಲ್ಲಿ ಹತ್ತಾರು ಸಿನೆಮಾಗಳಿಗೆ ಕ್ಯಾಮೆರಾ ಹಿಡಿದು ಮುಂಬಯಿಗೆ ಬಂದಿದ್ದವನು, ನಮ್ಮ ಜಮಖಂಡಿ ಸಂಸ್ಥಾನದ ನೇಯ್ಗೆಯನ್ನು ಚಿತ್ರಿಸಲು ನನ್ನ ಮನೆಗೂ ಬಂದ.

“ಬಾಗಲಾ ತೆಗೀಬೇಕಂತರಿ, ಬೆಳಕ ಸಾಲೂದಿಲ್ಲಂತ,” ಎಂದ ಜೊತೆಗಿದ್ದ ದುಭಾಷಿ.

“ಮಗ್ಗದ ಮ್ಯಾಲ ಮದುವಿ ಸೀರಿ ಐತಿ, ನಾಳೆ ಕೊಡಬೇಕು. ಎಳಿ ಹರದ್ರ ಸಾಹೇಬ್ರು ಬಂದು ಗಂಟ ಹಾಕ್ತಾರೇನು?” ಎಂದೆ ನಾನು.

ಸಾಹೇಬ ವಾದಿಸಲಿಲ್ಲ. ಬೂಟು ಕಳಚಿ, ಮಗ್ಗದ ಕುಣಿಯಲ್ಲಿ ನಾನು ಕೂರುವ ಜಾಗದಲ್ಲಿ ತಾನೇ ಇಳಿದು ಕೂತ. ಮಾಳಿಗೆಯ ಬೆಳಕಿಂಡಿಯಿಂದ ಬಿಸಿಲಿನ ಒಂದೇ ಕೋಲು ಸೀರೆಯ ಮೇಲೆ ಬಿದ್ದಿತ್ತು. ಅದನ್ನು ನೋಡಿ ನಕ್ಕು ಏನೋ ಹೇಳಿದ.

“ಇಷ್ಟ ಸಾಕಂತರಿ ಅಕ್ಕಾರ. ಇವ್ರ ಸಿನೆಮಾದಾಗ ಯಾವಾಗ್ಲೂ ಕತ್ತಲಾನ ಹೆಚ್ಚರಿ. ಬರೇ ನಿಮ್ಮ ಕೈ ಕಾಣತಾವು.”

“ಮುಖಾ?”

“ಇಲ್ರಿ.”

ಅದೇ ಕಿಂಡಿಯ ಕೆಳಗೆ ಕೂತು ಒಬ್ಬಳೇ ಓದು ಕಲಿತವಳು ನಾನು. ಆ ಬೆಳಕಿನ ಬಗ್ಗೆ ನನಗೆ ಅನುಮಾನವಿರಲಿಲ್ಲ. ಒಪ್ಪಿದೆ. ಚಿತ್ರ ತೆಗೆದು ಮುಗಿಯುವವರೆಗೆ ಒಂದು ಎಳೆಯೂ ಹರಿಯಲಿಲ್ಲ.

ಜಮಖಂಡಿಯಲ್ಲಿ ಆ ಚಿತ್ರ ತೋರಿಸಿದಾಗ ನಮ್ಮ ಓಣಿಯ ಮೂವರು ಹೆಂಗಸರು ಅವು ತಮ್ಮ ಕೈಗಳೆಂದು ಹೇಳಿಕೊಂಡರು. ಅವರು ನೇಯ್ದ ಸೀರೆಗಳನ್ನು ನೋಡಿದವರು ಯಾರೂ ಅದನ್ನು ನಂಬಲಿಕ್ಕಿಲ್ಲ.