ಗಂಗವ್ವ ಗಿರಣಿ ನಡೆಸಿದ ವರ್ಷ

ಮೂರು ವರ್ಷದ ಹಿಂದಿನ ಡಿಸೆಂಬರ್. ಗೋಕಾಕದ ಕಾಲೇಜೊಂದರಲ್ಲಿ ಇತಿಹಾಸ ಕಲಿಸುವ ನಾನು, ಎಪ್ಪತ್ತೊಂದರ ಯುದ್ಧಕ್ಕೆ ಹೋಗಿದ್ದ ಸೈನಿಕರ ಹೆಂಡಂದಿರ ಬಗ್ಗೆ ಒಂದು ಲೇಖನ ಬರೆದಿದ್ದೆ. ಗಂಡಂದಿರು ಮರಳಿದ ಮೇಲೆ ಹಳ್ಳಿ ಬಿಟ್ಟು, ಪಟ್ಟಣಗಳಂಚಿನ ಹೊಸ ಬಡಾವಣೆಗಳಲ್ಲಿ ಸಂಸಾರ ಹೂಡಿದವರು ಅವರು. ಅಚ್ಚಿಗೆ ಕಳಿಸುವ ಮುನ್ನ ಒಮ್ಮೆ ಓದಿ ಹೇಳೋಣವೆಂದು ಮೂಡಲಗಿಯ ಗಂಗವ್ವನ ಮನೆಗೆ ಹೋದೆ. ಲೇಖನದ ಅರ್ಧ ಅವರದೇ ಕಥೆ.

ಮಧ್ಯಾಹ್ನದ ಹೊತ್ತು. ಎಲ್ಲಿಂದಲೋ ಬೆಲ್ಲ ಕಾಯಿಸುವ ವಾಸನೆ ಬರುತ್ತಿತ್ತು. ಪಡಸಾಲೆಯ ಮೂಲೆಯಲ್ಲಿ ಅವರ ಗಂಡ ಮಲ್ಲಪ್ಪಜ್ಜ ಪೇಪರ್ ಹಿಡಿದು ತೂಕಡಿಸುತ್ತಿದ್ದರು. ನಾನು ಓದುತ್ತಾ ಹೋದೆ, ಗಂಗವ್ವ ಕಣ್ಣು ಮುಚ್ಚಿ ಕೇಳುತ್ತಿದ್ದರು. ‘ಯುದ್ಧದ ದಿನಗಳೆಂದರೆ ಈ ಹೆಣ್ಣುಮಕ್ಕಳಿಗೆ ಬರೀ ಕಣ್ಣೀರು’ ಎಂಬ ಸಾಲು ಬಂದಾಗ ಕಣ್ಣು ತೆರೆದರು.

“ಇದು ಖರೆ ಅಲ್ರಿ ಅಕ್ಕಾರ.”

“ಮತ್ತೇನು ಬರೀಲಿ ಆಯಿ?”

ಅವರು ಒಮ್ಮೆ ಗಂಡನ ಕಡೆ ನೋಡಿ ದನಿ ತಗ್ಗಿಸಿದರು. “ಬೆಲ್ಲದ ಬಾಗೇವಾಡ್ಯಾಗ ನಮ್ದ ಹಿಟ್ಟಿನ ಗಿರಣಿ ಇತ್ರಿ. ಇವ್ರು ಗಡಿಗೆ ಹೋದ್ರು, ಮಾವಾರು ಬಿದ್ದು ಕಾಲ ಮುರ್ಕೊಂಡ್ರು. ಗಿರಣಿ ನನ್ನ ಕೈಗೆ ಬಂತು. ಯಂತ್ರದ ಪಟ್ಟಾ ಏರಸೂದು, ಬೀಸೂ ಕಲ್ಲ ಕೂಡ್ಸೂದು ಎಲ್ಲಾ ಕಲ್ತೆ. ಸಪ್ಪಳಾ ಕೇಳಿನ ಹಿಟ್ಟ ಸಣ್ಣ ಬಂತೋ ದಪ್ಪ ಬಂತೋ ಹೇಳ್ತಿದ್ದೆ. ಊರ ಹೆಣ್ಮಕ್ಕಳೆಲ್ಲಾ ಬಂದು ಕೂಡ್ತಿದ್ರು. ಮೈಯೆಲ್ಲಾ ಬೆಳ್ಳಗ! ಹಾಡತಿದ್ವಿ, ನಗತಿದ್ವಿ.”

ಅವರು ಹೇಳುತ್ತಿದ್ದಂತೆ ನನಗೆ ಕೂತಲ್ಲೇ ಮಂಪರು ಕವಿದಂತಾಯಿತು. ಹಂಚಿನ ಸಂದಿಯಿಂದ ಇಳಿದ ಬಿಸಿಲಕೋಲು, ಅದರೊಳಗೆ ಮೆಲ್ಲಗೆ ತೇಲುವ ಹಿಟ್ಟು, ಆ ಬಿಳಿ ಮಬ್ಬಿನ ನಡುವೆ ನಿಂತ ಇಪ್ಪತ್ತರ ಹೆಣ್ಣು. ನಾನೂ ಜೋಳದ ಬುಟ್ಟಿ ಹಿಡಿದು ಅಲ್ಲೇ ಕೂತಿದ್ದೆನೇನೋ.

“ಗಂಡ ಸಾವಿನ ಬಾಯಾಗ ಇದ್ದಾಗ ನಾ ಸುಖದಾಗಿದ್ದೆ ಅಂದ್ರ ಮಂದಿ ಏನಂದಾರು? ಬರೀಬ್ಯಾಡ್ರಿ. ಇವ್ರು ಬಂದ್ರು, ಗಿರಣಿ ಮೈದುನಗ ಹೋತು. ನಾ ಈ ಮನಿಗೆ ಬಂದೆ.”

ಪೇಪರ್ ಸರಿದ ಸದ್ದಾಯಿತು. ಮಲ್ಲಪ್ಪಜ್ಜ ನಿದ್ದೆ ಮಾಡಿರಲಿಲ್ಲ.

“ಯುದ್ಧ ಮುಗಿಸ್ಕೊಂಡು ಬಂದ ದಿನ ಸೀದಾ ಗಿರಣಿಗೇ ಹೋಗಿದ್ದೆ,” ಎಂದರು ಅವರು, ನನ್ನತ್ತ ನೋಡದೆ. “ಬಾಗಲ್ದಾಗ ನಿಂತೆ. ಇಕಿ ಹಾಡಾಕತ್ತಿದ್ಲು. ನಾ ಇಲ್ಲದನೂ ಎಲ್ಲಾ ಚಂದ ನಡದಿತ್ತು. ಗಡಿಯಾಗ ಬರದ ಹೆದರಿಕಿ ಅವತ್ತ ಬಂತ್ರಿ ನನಗ. ಒಳಗ ಹೋಗದ ಹಂಗ ಹೊಳ್ಳಿದೆ. ಮರುದಿನಾನ ತಮ್ಮನ ಕರದು ಕೀಲಿ ಕೊಟ್ಟೆ.”

ಗಂಗವ್ವ ಅವರತ್ತ ತಿರುಗಿದರು.

“ಬಾಗಲ್ತನಕ ಬಂದಿದ್ರೇನು?” ಎಂದರು. “ಒಂದ ಸರ್ತಿ ಕರೀಬಾರದಾಗಿತ್ತೇನ್ರಿ?”

ಅಜ್ಜ ಕನ್ನಡಕ ತೆಗೆದು ಧೋತರದ ಅಂಚಿನಿಂದ ಒರೆಸುತ್ತಾ ಕೂತರು. ಆಮೇಲೆ ನನಗೆ ಹೇಳಿದರು: “ಬರೀರಿ ಅಕ್ಕಾರ. ನಾ ಮಾಡಿದ್ದೂ ಬರೀರಿ.”

ನಾನು ಗಂಗವ್ವನ ಮುಖ ನೋಡಿದೆ. ಅವರು ಹೂಂ ಎನ್ನುವಂತೆ ತಲೆಯಾಡಿಸಿ, ಸೆರಗು ಸರಿಮಾಡಿಕೊಂಡು ಚಹಾ ಇಡಲು ಎದ್ದು ಹೋದರು.

ಗೋಕಾಕಕ್ಕೆ ಮರಳುವ ಬಸ್ಸಿನಲ್ಲಿ, ಕಬ್ಬಿನ ಗದ್ದೆಗಳು ಹಿಂದೆ ಸರಿಯುತ್ತಿದ್ದಾಗ, ‘ಬರೀ ಕಣ್ಣೀರು’ ಎಂಬ ಆ ಸಾಲನ್ನು ಹೊಡೆದುಹಾಕಿದೆ. ಆ ದಿನಕ್ಕೂ ಮೊದಲು ನಾಲ್ಕು ಸಲ ಆ ಮನೆಗೆ ಹೋಗಿದ್ದೆ. ನಾಲ್ಕು ಸಲವೂ ಎಷ್ಟು ಅತ್ತಿರಿ, ಎಷ್ಟು ಹೆದರಿದಿರಿ ಎಂದೇ ಕೇಳಿದ್ದೆ. ನಿಮಗೆ ಖುಷಿಯಾದದ್ದು ಯಾವಾಗ ಎಂದು ಒಮ್ಮೆಯೂ ಕೇಳಿರಲಿಲ್ಲ. ಆ ನಾಚಿಕೆ ಇನ್ನೂ ನನ್ನನ್ನು ಬಿಟ್ಟಿಲ್ಲ.

— ಉಪನ್ಯಾಸಕಿ, ಗೋಕಾಕ