ತಣ್ಣಗಿದ್ದ ಕಲ್ಲು

ಮೊನ್ನೆ ಭಾಲ್ಕಿಯಲ್ಲಿ ಶಾಲೆ ಮುಗಿಸಿ ಬೀದರಿನ ಮನೆಗೆ ಬಂದಾಗ ಅಡುಗೆಮನೆಯಿಂದ ಬೆಳ್ಳುಳ್ಳಿಯ ಘಾಟು ಬರುತ್ತಿತ್ತು. ಮನೆಗೆಲಸಕ್ಕೆ ಬರುವ ಹೆಂಗಸು ನನ್ನ ಕಪಾಟಿನ ಕೆಳಗಿದ್ದ ಕರಿಕಲ್ಲನ್ನು ತೆಗೆದು ಅದರಿಂದ ಬೆಳ್ಳುಳ್ಳಿ ಜಜ್ಜುತ್ತಿದ್ದಳು. "ಛಲೋ ಕಲ್ಲು ಅದರಿ ಟೀಚರ್, ಕೈಯಾಗ ಬರೊಬ್ಬರಿ ಕೂಡ್ತದ," ಎಂದಳು. ಬಯ್ಯಲು ಬಾಯಿ ತೆರೆದೆ. ಯಾವ ಮುಖ ಇಟ್ಟುಕೊಂಡು ಬಯ್ಯಲಿ? ಆ ಕಲ್ಲನ್ನು ಮೊದಲು ಕೆಡಿಸಿದವಳು ನಾನೇ...

ಔರಾದಿನ ಹತ್ತಿರದ ನನ್ನ ಹುಟ್ಟೂರು ಚಿಂತಾಕಿಯಲ್ಲಿ ನಮ್ಮ ಗೋಡೆಗೆ ಒತ್ತಿಕೊಂಡೇ ಕಾಕಿಯ ಮನೆ ಇತ್ತು. ರಕ್ತಸಂಬಂಧವೇನಲ್ಲ, ನೆರೆಮನೆಯ ಕಾಕಿ. ಕುರಿ ಸಾಕುವ ಮನೆತನ. ಅವರ ಗೋಡೆಯ ಗೂಡಿನಲ್ಲಿ ಮೂರ್ತಿ ಇರಲಿಲ್ಲ, ಪಟ ಇರಲಿಲ್ಲ. ತೆಂಗಿನಕಾಯಿ ಗಾತ್ರದ ಒಂದು ಕಲ್ಲು ಮಾತ್ರ ಇತ್ತು. ಅದನ್ನು ಹಿರೀಕಲ್ಲು ಎನ್ನುತ್ತಿದ್ದರು. ಊರವರ ಬಾಯಲ್ಲಿ ಅವರು 'ಕಲ್ಲಿನವರು'. ಹಿಂದೆ ಅಂಥ ಮನೆಗಳು ಹತ್ತಾರು ಇದ್ದವಂತೆ. ನಾನು ಬುದ್ಧಿ ಬಲಿಯುವ ಹೊತ್ತಿಗೆ ಉಳಿದವಳು ಕಾಕಿ ಒಬ್ಬಳೇ.

ಅವರಲ್ಲಿ ಮಂತ್ರವಿಲ್ಲ, ಭಜನೆಯಿಲ್ಲ. ಉಳಿ ಮುಟ್ಟದ ಒಂದು ಕಲ್ಲನ್ನು ಹೊಲದಲ್ಲಿ ತಾನೇ ಹುಡುಕಿ ತರಬೇಕು. ಬೆಳಗ್ಗೆ ಎದ್ದು ಅದನ್ನು ಮಡಿಲಲ್ಲಿಟ್ಟುಕೊಂಡು, ಎರಡೂ ಅಂಗೈ ಮುಚ್ಚಿ, ಅದು ಮೈಯಷ್ಟೇ ಬೆಚ್ಚಗಾಗುವ ತನಕ ಮಾತಿಲ್ಲದೆ ಕೂರಬೇಕು. ಸುಳ್ಳು ಇಟ್ಟುಕೊಂಡ ಮೈ ಕಲ್ಲನ್ನು ಕಾಯಿಸಲಾರದು ಎಂಬುದು ಅವರ ನಂಬಿಕೆ. ಕಲ್ಲು ಕಾದ ಮೇಲೆ ಆಡಿದ್ದು ಖರೆ ಮಾತು, ಅದನ್ನು ಯಾರೂ ಎರಡನೆಯ ಸಲ ಕೇಳುವಂತಿಲ್ಲ. ಕಾದಿದೆಯೋ ಇಲ್ಲವೋ ಎಂದು ಅಂಗೈ ಇಟ್ಟು ನೋಡಿ ಹೇಳುವವಳು ಕಾಕಿ. "ಕಲ್ಲು ಎಲ್ಲಾ ನೋಡ್ಯದ, ಒಂದೂ ಹೇಳಿಲ್ಲ. ನೀ ಅಷ್ಟು ಆಗು, ಸಾಕು," ಎನ್ನುತ್ತಿದ್ದಳು.

ಅವಳ ಮಗ ಇದನ್ನೆಲ್ಲ ನಗೆಯಾಡುತ್ತಿದ್ದ. ಬಗದಲ್‌ನಿಂದ ಬಂದ ಸೊಸೆಗೆ ರೊಟ್ಟಿ, ನೀರು, ಕುರಿಯ ಕೆಲಸದ ನಡುವೆ ಕೂರಲು ಪುರುಸೊತ್ತೇ ಇರಲಿಲ್ಲ. ಹೀಗಾಗಿ ಪಿಯುಸಿ ಓದುತ್ತಿದ್ದ ನಾನೇ ಕಾಕಿಯ ಒಬ್ಬಳೇ ಶಿಷ್ಯೆಯಾದೆ, ಹೊಲದಲ್ಲಿ ಹುಡುಕಿ ನನ್ನದೊಂದು ಕರಿಕಲ್ಲು ತಂದೆ. ಅವಳ ನಂತರ ಹಿರೀಕಲ್ಲು ನನ್ನದು ಎಂದು ಅವಳೇ ಹೇಳಿದ್ದಳು. ನನ್ನ ಜಂಬ ಏನು ಕೇಳುತ್ತೀರಿ! ವೈನಿಯ ಎದುರು, ಅಂದರೆ ಆ ಸೊಸೆಯ ಎದುರು, ಬೇಕೆಂದೇ ಕಣ್ಣು ಮುಚ್ಚಿ ಕೂರುತ್ತಿದ್ದೆ.

ಒಂದು ಮಧ್ಯಾಹ್ನ ಕಾಕಿ ಔರಾದಿನ ಸಂತೆಗೆ ಹೋಗಿದ್ದಳು. ಹಿರೀಕಲ್ಲನ್ನು ಅವಳಿರುವ ತನಕ ಬೇರೆಯವರು ಮುಟ್ಟುವಂತಿರಲಿಲ್ಲ. ನನಗೆ ತಡೆಯಲಾಗಲಿಲ್ಲ, ಗೂಡಿನಿಂದ ಇಳಿಸಿದೆ. ಕೈಜಾರಿ ಹಾಸುಬಂಡೆಯ ಮೇಲೆ ಬಿದ್ದು ಎರಡು ಹೋಳಾಯಿತು. ರೊಟ್ಟಿ ಬಡಿಯುತ್ತಿದ್ದ ವೈನಿ ಎದ್ದು ಬಂದಳು. ಏನೂ ಕೇಳದೆ ಹೋಳುಗಳನ್ನು ಎತ್ತಿ, ಜೋಡಿಸಿ, ಗೂಡಿನಲ್ಲಿಟ್ಟಳು. "ಅಳಬ್ಯಾಡ. ನಾ ಯಾರಿಗೂ ಹೇಳಂಗಿಲ್ಲ," ಎಂದಳು. ಅವಳ ಕೈಯ ಜೋಳದ ಹಿಟ್ಟು ಕಲ್ಲಿಗೆ ಮೆತ್ತಿಕೊಂಡಿದ್ದನ್ನು ಇಬ್ಬರೂ ನೋಡಲಿಲ್ಲ.

ಮರುದಿನ ಬೆಳಗ್ಗೆ ಕಾಕಿ ಹೋಳುಗಳನ್ನೂ ಅವಕ್ಕೆ ಮೆತ್ತಿದ ಹಿಟ್ಟನ್ನೂ ನೋಡಿದಳು. ಹಿರೀಕಲ್ಲು ಒಡೆದವರು ಆ ಹೊಸ್ತಿಲೊಳಗೆ ಇರುವಂತಿಲ್ಲ, ಅದು ಅವರ ಕಟ್ಟಳೆ. ನಾನು ಒಪ್ಪಿಕೊಂಡಿದ್ದರೆ ನೆರೆಮನೆಗೆ ಹೋಗುವುದು ತಪ್ಪುತ್ತಿತ್ತು, ಅಷ್ಟೇ. ತಪ್ಪು ವೈನಿಯ ತಲೆಗೆ ಬಂದರೆ ಅವಳಿಗೆ ಮನೆಯೇ ತಪ್ಪುತ್ತಿತ್ತು. ಅದು ನನಗೆ ಚೆನ್ನಾಗಿ ಗೊತ್ತಿತ್ತು.

ಯಾರು ಒಡೆದರೆಂದು ತಿಳಿಯಲು ಕಾಕಿ ನನ್ನ ಮಡಿಲಲ್ಲಿ ನನ್ನ ಕಲ್ಲನ್ನಿಟ್ಟು ಕೂರಿಸಿದಳು. ಹೆದರಿಕೆಗೆ ಕೈಕಾಲು ತಣ್ಣಗಾಗಿದ್ದವು. ಎಷ್ಟು ಹೊತ್ತು ಕೂತರೂ ಕಲ್ಲು ಬಾವಿಯಿಂದ ಆಗ ತಾನೇ ತೆಗೆದಂತೆ ಇತ್ತು. ಸಿಕ್ಕಿಬಿದ್ದೆ ಎಂದುಕೊಂಡೆ. ಕಾಕಿ ಬಾಗಿ ಅಂಗೈ ಇಟ್ಟಳು, ಬೇಗ ತೆಗೆಯಲಿಲ್ಲ. ಆಮೇಲೆ ನನ್ನ ಮುಖ ನೋಡದೆ ಹೇಳಿದಳು, "ಕಾದದ. ಹೇಳು."

"ವೈನಿ ಕೈಯಿಂದ ಬಿತ್ರಿ, ಕಾಕಿ," ಎಂದೆ.

"ನಾ ಅಲ್ರಿ, ಅತ್ತಿ," ಎಂದಳು ವೈನಿ. ಅಷ್ಟೇ. ನನ್ನ ಹೆಸರು ಎತ್ತಲಿಲ್ಲ. ಹೇಳುವುದಿಲ್ಲ ಎಂದು ನನಗೆ ಮಾತು ಕೊಟ್ಟಿದ್ದಳಲ್ಲ, ಉಳಿಸಿಕೊಂಡಳು. ಕಲ್ಲು ಹಿಡಿಯದವಳ ಮಾತಿಗೆ ಆ ಮನೆಯಲ್ಲಿ ಬೆಲೆಯೂ ಇರಲಿಲ್ಲ. ಆ ವಾರವೇ ಬಗದಲ್‌ನಿಂದ ಅವಳ ಅಣ್ಣ ಬಂದು ಕರೆದುಕೊಂಡು ಹೋದ. ಕಲ್ಲನ್ನು ನಗೆಯಾಡುತ್ತಿದ್ದ ಗಂಡ ಅವಳನ್ನು ತಡೆಯಲಿಲ್ಲ, ವರ್ಷ ತುಂಬುವುದರೊಳಗೆ ಇನ್ನೊಂದು ಮದುವೆಯಾದ.

ಕಾಕಿಗೆ ನನ್ನ ಮೇಲೆ ಎಷ್ಟು ಅಕ್ಕರೆ ಎಂದು ಬಹಳ ದಿನ ಅಂದುಕೊಂಡಿದ್ದೆ. ಈಗ ನೆನೆದರೆ ಮೈ ಉರಿಯುತ್ತದೆ. ಅಕ್ಕರೆಯಲ್ಲ ಅದು. ನಾನು ಸುಳ್ಳಿಯಾದರೆ ಅವಳ ಹಿಂದೆ ಕಲ್ಲು ಹಿಡಿಯುವವರು ಯಾರೂ ಉಳಿಯುತ್ತಿರಲಿಲ್ಲ. ಸೊಸೆ ಹೋದರೆ ಇನ್ನೊಬ್ಬಳು ಬರುತ್ತಾಳೆ, ಬಂದಳು ಕೂಡ. ತಲೆತಲಾಂತರದ ಖರೆಯನ್ನು ಉಳಿಸಲು ಆ ಮುದುಕಿ ಒಂದು ಸುಳ್ಳು ಹೇಳಿದಳು, ನಾನು ಒಂದು ಹೇಳಿದೆ. ಅವಳು ಉಳಿಸಿದ್ದೂ ಉಳಿಯಲಿಲ್ಲ. ಟೀಚರ್ ತರಬೇತಿಯ ನೆಪ ಮಾಡಿ ಊರು ಬಿಟ್ಟ ನಾನು ಹೋದ ವರ್ಷದ ತನಕ ಮತ್ತೆ ಕಲ್ಲು ಹಿಡಿದು ಕೂರಲಿಲ್ಲ. ಕಾಕಿ ಸತ್ತಾಗ ಅವಳ ಮಣ್ಣಿಗೂ ಹೋಗಲಿಲ್ಲ.

ಹೋದ ವರ್ಷ ನನ್ನ ಆ ಕರಿಕಲ್ಲನ್ನು ಚೀಲದಲ್ಲಿ ಹಾಕಿಕೊಂಡು ಬಗದಲ್‌ಗೆ ಹೋದೆ. ವೈನಿ ಅಣ್ಣನ ಮನೆಯ ಕಟ್ಟೆಯ ಮೇಲೆ ತೊಗರಿಬೇಳೆ ಹಸನು ಮಾಡುತ್ತಿದ್ದಳು. ತಲೆಯೆಲ್ಲ ಬೆಳ್ಳಗಾಗಿತ್ತು. ಕಲ್ಲನ್ನು ಮಡಿಲಲ್ಲಿಟ್ಟುಕೊಂಡು, ಕಾಯುವ ತನಕ ಕೂತು, ನಡೆದದ್ದನ್ನೆಲ್ಲ ಅಳುತ್ತಾ ಹೇಳಿದೆ. ಅವಳು ಮೊರ ಅಲ್ಲಾಡಿಸುವುದನ್ನು ನಿಲ್ಲಿಸಲಿಲ್ಲ.

"ನನಗ್ಯಾಕ ಹೇಳ್ಲತ್ತಿ? ನಾ ಅಲ್ಲೇ ಇದ್ನಲ್ಲ," ಎಂದಳು. "ಊರಾಗ ಹೇಳು. ಅಲ್ಲಿಯವರಿಗಿ ಗೊತ್ತಿಲ್ಲ."

ಹೇಳುತ್ತೇನೆ ಎಂದು ಬಂದೆ. ಈ ಚಳಿಗಾಲದಲ್ಲಿ ವೈನಿ ತೀರಿಕೊಂಡಳು... ಚಿಂತಾಕಿಯಲ್ಲಿ ಇಂದಿಗೂ ಅವಳು ಕಲ್ಲು ಒಡೆದ ಸೊಸೆ. ನಾನು ಆ ಊರಿನಿಂದ ಓದಿ ಟೀಚರ್ ಆದ ಮಗಳು, ಎದುರು ಸಿಕ್ಕವರು ನಮಸ್ಕಾರ ಮಾಡುತ್ತಾರೆ.

"ಇದರಿಂದೇ ಜಜ್ಜಲೇನ್ರಿ ದಿನಾ?" ಎಂದು ಕೆಲಸದ ಹೆಂಗಸು ಕೇಳಿದಳು. ಜಜ್ಜು ಎಂದೆ. ಚಿಂತಾಕಿಗೆ ಹೋಗಲು ಹತ್ತಬೇಕಾದ ಔರಾದಿನ ಬಸ್ಸು ಬೀದರಿನಿಂದ ದಿನಾ ಬೆಳಗ್ಗೆ ಹೊರಡುತ್ತದೆ. ಅದರ ಪಕ್ಕದಲ್ಲೇ ನಿಂತಿರುವ ಭಾಲ್ಕಿಯ ಬಸ್ಸನ್ನು ನಾನು ಹತ್ತುತ್ತೇನೆ.