ಬೇರೆಯವರು ಬರೆದುಕೊಟ್ಟ ಮಾತುಗಳು

2016ರಲ್ಲಿ ನಾನು ಬರ್ಮಿಂಗ್‌ಹ್ಯಾಮಿನ ಒಂದು ಸರ್ಕಾರಿ ಆಸ್ಪತ್ರೆಯ ಸ್ಟ್ರೋಕ್ ವಾರ್ಡಿನಲ್ಲಿ ಹಿರಿಯ ಸ್ಪೀಚ್ ಥೆರಪಿಸ್ಟ್ ಆಗಿದ್ದೆ. ಮಿದುಳಿಗೆ ರಕ್ತ ಹರಿಯುವುದು ಕೆಟ್ಟು ಮಾತು ಕಳೆದುಕೊಂಡವರಿಗೆ ಅದನ್ನು ಮತ್ತೆ ಕಲಿಸುವುದು ನನ್ನ ಕೆಲಸ. ಆಗಲೇ ಇಪ್ಪತ್ತೆರಡು ವರ್ಷಗಳ ಅನುಭವವಿತ್ತು. ತಪ್ಪು ಮಾಡಲಾರೆನೆಂಬ ಧೈರ್ಯವೂ ಇತ್ತು.

ಆ ಮಾರ್ಚಿನಲ್ಲಿ ಎಂಬತ್ತೇಳು ವರ್ಷದ ವಾಲ್ಟರ್ ನಮ್ಮಲ್ಲಿಗೆ ಬಂದರು. ಹೆಸರು ಬದಲಿಸಿದ್ದೇನೆ. ಹೇಳಿದ್ದೆಲ್ಲ ಅವರಿಗೆ ಅರ್ಥವಾಗುತ್ತಿತ್ತು, ಹೌದು ಇಲ್ಲ ಎಂದು ತಲೆಯಾಡಿಸುತ್ತಿದ್ದರು; ಹೇಳಬೇಕೆಂದದ್ದು ಮಾತ್ರ ಬಾಯಿಗೆ ಬರುತ್ತಿರಲಿಲ್ಲ. ಇದನ್ನು ಅಫೇಸಿಯಾ ಎನ್ನುತ್ತೇವೆ. ನೀರಿನ ಲೋಟ ತೋರಿಸಿ ಏನೆಂದು ಕೇಳಿದರೆ, ತುಟಿ ನಡುಗಿಸಿ, ಕೊನೆಗೆ ಮುಖ ತಿರುಗಿಸಿಬಿಡುತ್ತಿದ್ದರು.

ಅವರು ನಟರಾಗಿದ್ದರೆಂದು ತಿಳಿದದ್ದು ಅವರ ಪಕ್ಕದ ಫ್ಲ್ಯಾಟಿನವರು ತಂದುಕೊಟ್ಟ ಫೋಟೋಗಳಿಂದ. 1957ರಲ್ಲಿ ಅಮೆರಿಕಕ್ಕೆ ಹೋಗಿ, ಹದಿನೈದು ವರ್ಷಗಳಲ್ಲಿ ಮೂವತ್ತೊಂದು ಚಿತ್ರಗಳಲ್ಲಿ ಪೋಷಕ ಪಾತ್ರ ಮಾಡಿದ್ದರು. ಇಂಗ್ಲೆಂಡಿನ ಉಚ್ಚಾರ ಇದ್ದುದರಿಂದ ಸಿರಿವಂತರ ಮನೆಯ ಬಟ್ಲರ್, ಹೋಟೆಲ್ ಗುಮಾಸ್ತ, ಇಲ್ಲವೇ ನಾಯಕನ ಬದಲು ಗುಂಡು ತಿನ್ನುವ ಸಾರ್ಜೆಂಟ್. ಯಾವ ಫೋಟೋ ನೋಡಿದರೂ ಬೇರೆ ಯಾರದೋ ಭುಜದ ಹಿಂದೆ ಅವರ ಅರ್ಧ ಮುಖ. ಅವಕಾಶಗಳು ನಿಂತಾಗ ಮರಳಿ ಬಂದು, ಗೋದಾಮೊಂದರಲ್ಲಿ ಕೆಲಸ ಮಾಡಿ, ಒಂಟಿಯಾಗಿ ಬದುಕಿದ್ದರು. ಫೈಲಿನಲ್ಲಿ ಒಬ್ಬ ಮಗಳ ಹೆಸರಿತ್ತು: ಜೀನ್, ಊರು ಡರ್ಬಿ. ಆಕೆ ಬಂದಿರಲಿಲ್ಲ.

ಮೂರನೆಯ ವಾರ, ನಮ್ಮ ವಾರ್ಡಿನ ಮೈಸೂರಿನ ಡಾಕ್ಟರ್ ವೀಣಾ ನನ್ನನ್ನು ಕಾರಿಡಾರಿನಲ್ಲಿ ತಡೆದರು. "ನಸೀಮಾ, ನಿಮ್ಮ ಆ್ಯಕ್ಟರ್ ಇವತ್ತು ಮಾತಾಡಿದ್ರು ಕಣ್ರೀ! ಫುಲ್ ಸೆಂಟೆನ್ಸ್. ರೌಂಡ್ಸಿಗೆ ಹೋದ್ರೆ, 'ಕಾರು ರೆಡಿ ಇದೆ, ಸರ್' ಅಂದ್ರು. ನನಗೆ, ಸರ್ ಅಂತೆ!"

ಅದು ಅವರ ಹಳೆಯ ಡೈಲಾಗ್. ಸಾವಿರ ಸಲ ಉರುಹೊಡೆದ ಮಾತು, ಪ್ರಾರ್ಥನೆ, ಎಣಿಕೆ ಇವು ಅಫೇಸಿಯಾದಲ್ಲೂ ತಾವಾಗಿ ಹೊರಬರುವುದುಂಟು. ಸ್ವಂತ ಮಾತು ಮರಳಿತೆಂದು ಅದರ ಅರ್ಥವಲ್ಲ. ನನಗಿದು ಚೆನ್ನಾಗಿ ಗೊತ್ತಿತ್ತು. ಆದರೂ ಸಂತೋಷ ತಡೆಯಲಾರದೆ ಡರ್ಬಿಗೆ ಫೋನ್ ಮಾಡಿ, "ನಿಮ್ಮ ತಂದೆ ಮಾತಾಡ್ತಿದ್ದಾರೆ" ಎಂದುಬಿಟ್ಟೆ.

ಜೀನ್, "ಹಾಗಾದ್ರೆ ಬರ್ತೀನಿ. ಒಂದೇ ಒಂದು ಕೇಳೋದಿದೆ" ಎಂದರು.

ಬಂದಾಗ ಎಲ್ಲ ವಿವರಿಸಿದರಾಯಿತು ಎಂದುಕೊಂಡಿದ್ದೆ. ಗುರುವಾರ ಆಕೆ ಬಂದಾಗ ನಾನು ಬೇರೆ ರೋಗಿಯ ಬಳಿಯಿದ್ದೆ. ಹತ್ತು ನಿಮಿಷ ತಡವಾಗಿ ಹೋದೆ. ಜೀನ್ ಕೋಟು ಕೂಡ ಬಿಚ್ಚದೆ ಕುರ್ಚಿಯ ಅಂಚಿನಲ್ಲಿ ಕುಳಿತಿದ್ದರು.

"ನೀವು ಹೋದಾಗ ನನಗೆ ನಾಲ್ಕು ವರ್ಷ," ಎನ್ನುತ್ತಿದ್ದರು. "ಅಮ್ಮ ಸಿನಿಮಾಗೆ ಕರ್ಕೊಂಡು ಹೋಗಿ 'ಅಗೋ ಅಪ್ಪ' ಅಂತಿದ್ಲು. ನಾನು ನೋಡೋಷ್ಟರಲ್ಲಿ ನೀವು ಇರ್ತಾನೇ ಇರ್ಲಿಲ್ಲ. ವಾಪಸ್ ಬಂದ್ಮೇಲೂ ನಲವತ್ತು ಮೈಲಿ ದೂರದಲ್ಲೇ ಇದ್ರಿ. ಯಾಕೆ ಬರ್ಲಿಲ್ಲ?"

ವಾಲ್ಟರ್ ಮಗಳ ತೋಳು ಹಿಡಿದರು. ಹಣೆ ಬೆವತಿತ್ತು. ಬಾಯಿ ತೆರೆದರು. ಸ್ಪಷ್ಟವಾದ ಬಟ್ಲರನ ದನಿಯಲ್ಲಿ ಹೊರಬಂದದ್ದು: "ಮೇಡಂ ಮನೆಯಲ್ಲಿಲ್ಲ, ಸರ್."

ತಪ್ಪಿದ್ದು ಅವರಿಗೇ ತಿಳಿಯಿತು. ತಲೆ ಅಲ್ಲಾಡಿಸಿದರು, ಮುಷ್ಟಿಯಿಂದ ತಮ್ಮ ಬಾಯಿಗೆ ತಾವೇ ಹೊಡೆದುಕೊಂಡರು, ಮತ್ತೆ ಪ್ರಯತ್ನಿಸಿದರು. "ಮೇಡಂ ಮನೆಯಲ್ಲಿಲ್ಲ, ಸರ್."

"ನನ್ನ ಮುಂದೇನೂ ಆ್ಯಕ್ಟಿಂಗೇ," ಎಂದು ಜೀನ್ ತೋಳು ಬಿಡಿಸಿಕೊಂಡು ಎದ್ದರು. ನಾನು ಲಿಫ್ಟಿನವರೆಗೆ ಓಡಿಹೋಗಿ ಎಲ್ಲ ವಿವರಿಸಿದೆ. ಪೂರ್ತಿ ಕೇಳಿಸಿಕೊಂಡರು. "ಇದನ್ನ ಫೋನಲ್ಲೇ ಹೇಳ್ಬೇಕಿತ್ತು ನೀವು" ಎಂದಷ್ಟೇ ಅಂದರು.

ಅಂದಿನಿಂದ ವಾಲ್ಟರ್ ಹಳೆಯ ಡೈಲಾಗುಗಳನ್ನೂ ಆಡಲಿಲ್ಲ.

ಸೊಲಿಹಲ್‌ನ ನನ್ನ ಮನೆಯಲ್ಲಿ ಕುಳಿತು ಜೀನ್‌ಗೆ ಪತ್ರ ಬರೆದೆ. 'ಯಾಕೆ' ಎಂದು ಕೇಳಬೇಡಿ. ತಲೆಯಾಡಿಸಿ ಉತ್ತರಿಸಬಹುದಾದ್ದನ್ನು ಕೇಳಿ, ಅದು ಅವರಿಗೆ ಸಾಧ್ಯ ಎಂದೆ. ನಾಲ್ಕು ಪ್ರಶ್ನೆ ಬರೆದುಕೊಂಡಿದ್ದೇನೆ, ಭಾನುವಾರ ಬರುತ್ತೇನೆ ಎಂದು ಉತ್ತರ ಬಂತು. ಶುಕ್ರವಾರ ಬೆಳಗ್ಗೆ ಎರಡನೆಯ ಸ್ಟ್ರೋಕ್ ಆಗಿ ವಾಲ್ಟರ್ ತೀರಿಕೊಂಡರು.

ಭಾನುವಾರ ಜೀನ್ ಬಂದದ್ದು ಅವರ ಬಟ್ಟೆಬರೆ ಒಯ್ಯಲು. ಕೈಯಲ್ಲಿ ಆ ನಾಲ್ಕು ಪ್ರಶ್ನೆಗಳ ಹಾಳೆ ಇತ್ತು. ಮೊದಲ ಪ್ರಶ್ನೆ ಓದಿದರು: "ನಾನು ನೆನಪಾಗ್ತಿದ್ನಾ?" ನನ್ನತ್ತ ನೋಡಿ ಕೇಳಿದರು: "ಏನಂತಿದ್ರು ಅನ್ಸುತ್ತೆ ನಿಮಗೆ?"

ಹೌದು ಎಂದುಬಿಡಬಹುದಿತ್ತು. ಆದರೆ ಒಮ್ಮೆ ಅವಸರದ ಮಾತಿನಿಂದ ಆಕೆಯನ್ನು ಕರೆಸಿದವಳು ನಾನು. "ಗೊತ್ತಿಲ್ಲ, ಜೀನ್" ಎಂದೆ. ಉಳಿದ ಮೂರನ್ನು ಅವರು ಓದಲಿಲ್ಲ.

ನಂತರ ನಿವೃತ್ತಿಯಾಗುವವರೆಗೂ ರೋಗಿಯ ಮನೆಯವರಿಗೆ ಫೋನ್ ಮಾಡಿದಾಗಲೆಲ್ಲ, ಏನು ಮರಳಿ ಬಂದಿದೆ ಎನ್ನುವ ಮೊದಲು ಏನು ಬಂದಿಲ್ಲವೆಂದು ಹೇಳುತ್ತಿದ್ದೆ. ಆಮೇಲೆ ಆ ಕಡೆಯಿಂದ ಯಾವ ಮಾತೂ ಬರದ ಒಂದು ಗಳಿಗೆ ಇರುತ್ತಿತ್ತು. ಅದನ್ನು ತುಂಬಲು ಹೋಗದೆ ಕೇಳುತ್ತ ಕೂರುವುದನ್ನು ಕಲಿತೆ.